ಫುಟ್‌ಬಾಲ್ ಲಂಚದ ಧಾರಾವಾಹಿ, ಮಸುಕು ಪರದೆ ಮತ್ತು ಹುಬ್ಬಳ್ಳಿ ಗೆದ್ದ ಕಪ್

ಗೋಪನಕೊಪ್ಪ (ಹುಬ್ಬಳ್ಳಿ): ದಕ್ಷಿಣ ಅಮೆರಿಕದ ಫುಟ್‌ಬಾಲ್ ಆಡಳಿತಗಾರರು ಲಂಚ ಹಂಚಿಕೊಂಡ ಕಥೆಗೂ ಹಳ್ಳಿಯಾಗಿದ್ದು ಮಹಾನಗರದ ಬಡಾವಣೆಯಾದ ಗೋಪನಕೊಪ್ಪಕ್ಕೂ ಮೇಲ್ನೋಟಕ್ಕೆ ಯಾವ ನಂಟೂ ಇಲ್ಲ. ಇಲ್ಲಿಂದ ಹೆಚ್ಚು ದೂರವಿಲ್ಲದ ರಾಜನಗರದಲ್ಲಿ ಕರ್ನಾಟಕ ರಾಜ್ಯ ಕ್ರಿಕೆಟ್ ಸಂಸ್ಥೆಯ ಕ್ರೀಡಾಂಗಣವಿದೆ. ಈ ಭಾಗದ ಜನ ನೋಡುವುದೂ ಜಗಳವಾಡುವುದೂ ಕ್ರಿಕೆಟ್ ಬಗ್ಗೆಯೇ. ಆದರೂ ಅಮೆಜಾನ್ ಪ್ರೈಮ್ ವಿಡಿಯೊದಲ್ಲಿ 2020ರ ಜೂನ್ 5ರಂದು ಬಿಡುಗಡೆಯಾದ ‘ಎಲ್ ಪ್ರೆಸಿಡೆಂಟೆ’ ಎಂಬ ಸ್ಪ್ಯಾನಿಷ್ ಧಾರಾವಾಹಿಯನ್ನು ಹುಬ್ಬಳ್ಳಿಯ ಪ್ರೇಕ್ಷಕ ನೋಡಿದರೆ ಆತನಿಗೆ ನೆನಪಾಗುವುದು ಚಿಲಿ ದೇಶವಲ್ಲ, 2019ರ ಆಗಸ್ಟ್ ತಿಂಗಳ ಮೈಸೂರು. ಅಂದು ಕರ್ನಾಟಕ ಪ್ರೀಮಿಯರ್ ಲೀಗ್‌ನ ಅಂತಿಮ ಪಂದ್ಯದಲ್ಲಿ ಹುಬ್ಬಳ್ಳಿ ಟೈಗರ್ಸ್ ತಂಡ ಬಳ್ಳಾರಿ ಟಸ್ಕರ್ಸ್ ತಂಡವನ್ನು 8 ರನ್‌ಗಳಿಂದ ಸೋಲಿಸಿ ಕಪ್ ಗೆದ್ದಿತ್ತು. ಎರಡೂವರೆ ತಿಂಗಳೂ ಕಳೆಯುವ ಮೊದಲೇ ಆ ಗೆಲುವಿನ ಮೇಲೆ ಪೊಲೀಸರ ನೆರಳು ಬಿದ್ದಿತು.

ಆ ನೆರಳು ಇಂದಿಗೂ ಸರಿದಿಲ್ಲ. ಪ್ರಕರಣದ ವಿಚಾರಣೆ ನಡೆದು ತೀರ್ಪು ಬಂದಿದ್ದರೆ ಗೆಲುವು ಸಾಚಾ ಎಂದೋ ಅಲ್ಲವೆಂದೋ ತಿಳಿಯುತ್ತಿತ್ತು. ವಿಚಾರಣೆಯೇ ನಡೆಯಲಿಲ್ಲ. ಇಂಥ ಸಂದರ್ಭದಲ್ಲಿ ಬೇರೆ ದೇಶಗಳಲ್ಲಿ ಟಿ.ವಿ. ನಾಟಕಗಳು ಮಾಡಿದ ಕೆಲಸವೇನು, ಅದು ಇಲ್ಲಿ ಏಕೆ ಸಾಧ್ಯವಾಗಿಲ್ಲ, ಸಾಧ್ಯವಾದರೂ ಅದು ಸಾಮಾನ್ಯ ಪ್ರೇಕ್ಷಕನ ಮನೆಗೆ ಯಾವ ಗುಣಮಟ್ಟದಲ್ಲಿ ತಲುಪುತ್ತದೆ ಎಂಬ ಪ್ರಶ್ನೆಗಳು ಒಂದರ ಹಿಂದೆ ಒಂದು ಬರುತ್ತವೆ.

ಸಣ್ಣ ಊರಿನ ಅಧ್ಯಕ್ಷ

‘ಎಲ್ ಪ್ರೆಸಿಡೆಂಟೆ’ಯ ಮೊದಲ ಭಾಗದಲ್ಲಿ ಎಂಟು ಕಂತುಗಳಿವೆ. ಅದರ ಹಿಂದಿನ ಮುಖ್ಯ ಕೈ ಅರ್ಜೆಂಟೀನಾದ ಅರ್ಮಾಂಡೊ ಬೊ. ‘ಬರ್ಡ್‌ಮ್ಯಾನ್’ ಚಿತ್ರದ ಚಿತ್ರಕಥೆಗೆ ಇತರರೊಂದಿಗೆ ಆಸ್ಕರ್ ಹಂಚಿಕೊಂಡವರು. ಕಥಾನಾಯಕ ಸೆರ್ಜಿಯೊ ಹಾದುವೆ ನಿಜವಾದ ವ್ಯಕ್ತಿ. ಲಾ ಕಲೇರಾ ಎಂಬ ಸಣ್ಣ ಊರಿನ ಕ್ಲಬ್‌ನ ಅಧ್ಯಕ್ಷನಾಗಿದ್ದವನು 2011ರಲ್ಲಿ ಚಿಲಿ ದೇಶದ ಇಡೀ ವೃತ್ತಿಪರ ಫುಟ್‌ಬಾಲ್ ಸಂಸ್ಥೆಯ ಅಧ್ಯಕ್ಷನಾದ. ದೊಡ್ಡ ಕ್ಲಬ್‌ಗಳ ಧನಿಕರ ನಡುವೆ ಸಣ್ಣ ಊರಿನವನೊಬ್ಬ ಮೇಲೇರಿದ್ದು ಅಲ್ಲಿನ ಜನರಿಗೆ ಮೊದಮೊದಲು ಸಂತೋಷವನ್ನೇ ತಂದಿತ್ತು. 2015ರ ಕೋಪಾ ಅಮೆರಿಕ ಟೂರ್ನಿಯನ್ನು ಚಿಲಿ ತನ್ನ ನೆಲದಲ್ಲೇ ಗೆದ್ದಾಗ ಆತನೇ ಅಧ್ಯಕ್ಷ. ಅದೇ ವರ್ಷದ ನವೆಂಬರ್‌ನಲ್ಲಿ ಆತ ಅಧಿಕಾರ ಬಿಟ್ಟು ಅಮೆರಿಕಕ್ಕೆ ಹೋಗಿ ನ್ಯಾಯಾಲಯದ ಮುಂದೆ ತಪ್ಪೊಪ್ಪಿಕೊಂಡ. ಪಾತ್ರವನ್ನು ವಹಿಸಿದವರು ಕೊಲಂಬಿಯಾದ ನಟ ಆಂದ್ರೆಸ್ ಪಾರಾ. ಮಾದಕವಸ್ತು ದೊರೆ ಪಾಬ್ಲೊ ಎಸ್ಕೋಬಾರ್‌ನ ಪಾತ್ರದಿಂದ ಪ್ರಸಿದ್ಧರಾದ ಇವರು ಇಲ್ಲಿ ಅಂಜುಬುರುಕ, ಆಸೆಬುರುಕ ಗುಮಾಸ್ತನಂತೆ ಕಾಣಿಸಿಕೊಂಡಿರುವುದು ಧಾರಾವಾಹಿಯ ದೊಡ್ಡ ಗೆಲುವು.

ಕಥೆ ಹೇಳುವವನು ಸತ್ತ ಮನುಷ್ಯ. 1979ರಿಂದ 2014ರ ಜುಲೈನಲ್ಲಿ ಸಾಯುವವರೆಗೆ ಅರ್ಜೆಂಟೀನಾದ ಫುಟ್‌ಬಾಲ್ ಸಂಸ್ಥೆಯನ್ನು ಆಳಿದ ಹೂಲಿಯೊ ಗ್ರೊಂಡೊನಾ ತೆರೆಯ ಮೇಲೆ ಬಂದು, ಹಣ ಯಾರಿಂದ ಯಾರಿಗೆ ಹೋಯಿತೆಂದು ನಗುನಗುತ್ತ ವಿವರಿಸುತ್ತಾನೆ. ಜೀವಂತ ಇದ್ದಾಗ ಒಂದು ಮಾತನ್ನೂ ಒಪ್ಪಿಕೊಳ್ಳದವನ ಬಾಯಿಯಿಂದ ಎಲ್ಲವನ್ನೂ ಹೇಳಿಸುವ ಈ ಉಪಾಯ ಕೆಲವೊಮ್ಮೆ ಅತಿಯಾಗುತ್ತದೆ. ಹಾಸ್ಯಕ್ಕಾಗಿ ಹಾಸ್ಯ ಎನಿಸುವ ಕಂತುಗಳೂ ಇವೆ. 2022ರಲ್ಲಿ ಬಂದ ಎರಡನೆಯ ಭಾಗ ಇನ್ನೂ ಹಿಂದಕ್ಕೆ ಹೋಗಿ, ಫಿಫಾ ಅಧ್ಯಕ್ಷರಾಗಿದ್ದ ಬ್ರೆಜಿಲ್‌ನ ಜೊವಾವೊ ಆವೆಲಾಂಜೆ ಅವರ ಕಾಲವನ್ನು ತೆಗೆದುಕೊಂಡಿತು.

ಈ ಕಥೆಗೆ ಆಧಾರವಾದ ಪ್ರಕರಣ 2015ರ ಮೇ 27ರ ಬೆಳಗಿನ ಜಾವ ಜಗತ್ತಿಗೆ ತಿಳಿಯಿತು. ಜ್ಯೂರಿಕ್ ನಗರದ ಪಂಚತಾರಾ ಹೋಟೆಲೊಂದರಲ್ಲಿ ತಂಗಿದ್ದ ಫಿಫಾ ಪದಾಧಿಕಾರಿಗಳ ಕೋಣೆಗೆ ಸ್ವಿಸ್ ಪೊಲೀಸರು ಬಂದು ಏಳು ಮಂದಿಯನ್ನು ವಶಕ್ಕೆ ಪಡೆದರು. ಅಮೆರಿಕದ ಆರೋಪಪಟ್ಟಿಯಲ್ಲಿ ಒಟ್ಟು 14 ಮಂದಿಯ ಹೆಸರಿತ್ತು. 24 ವರ್ಷಗಳ ಅವಧಿಯಲ್ಲಿ 15 ಕೋಟಿ ಡಾಲರ್‌ಗೂ ಮೀರಿದ ಲಂಚ, ಅದೂ ಹೆಚ್ಚಾಗಿ ಟಿ.ವಿ. ಪ್ರಸಾರ ಹಕ್ಕು ಮತ್ತು ಮಾರುಕಟ್ಟೆ ಹಕ್ಕುಗಳಿಗಾಗಿ ಎಂಬುದು ಆರೋಪ. ಗಮನಿಸಬೇಕಾದ ಸಂಗತಿಯೆಂದರೆ ಇಲ್ಲಿ ಮಾರಾಟವಾದದ್ದು ಪಂದ್ಯದ ಫಲಿತಾಂಶವಲ್ಲ, ಪಂದ್ಯವನ್ನು ತೋರಿಸುವ ಹಕ್ಕು. ಟಿ.ವಿ. ಹಕ್ಕಿನ ಲಂಚದ ಕಥೆಯನ್ನು ಟಿ.ವಿ. ನಾಟಕವೇ ಹೇಳಬೇಕಾಗಿ ಬಂದದ್ದು ವಿಪರ್ಯಾಸ.

ಫಿಫಾ ತಾನೇ ಹಣ ಹಾಕಿದ ಸಿನಿಮಾವೊಂದೂ ಇದೆ. ‘ಯುನೈಟೆಡ್ ಪ್ಯಾಶನ್ಸ್’ ಎಂಬ ಆ ಚಿತ್ರದಲ್ಲಿ ಸೆಪ್ ಬ್ಲಾಟರ್ ಪಾತ್ರವನ್ನು ಟಿಮ್ ರಾಥ್ ವಹಿಸಿದ್ದರು. ಬಂಧನಗಳಾದ ಮರುವಾರವೇ ಅಮೆರಿಕದ ಚಿತ್ರಮಂದಿರಗಳಿಗೆ ಬಂದ ಅದು ಮೊದಲ ವಾರಾಂತ್ಯದಲ್ಲಿ ಗಳಿಸಿದ್ದು ಕೇವಲ 918 ಡಾಲರ್. ಹೊಗಳಿಕೆಗೆ ಟಿಕೆಟ್ ಕೊಳ್ಳುವವರಿರಲಿಲ್ಲ. ತಪ್ಪೊಪ್ಪಿಗೆಯ ಕಥೆ ಎರಡು ಭಾಗಗಳಷ್ಟು ಬೆಳೆಯಿತು.

ಹೆಸರಿಡುವ ಧೈರ್ಯ ಎಲ್ಲಿಂದ?

‘ಎಲ್ ಪ್ರೆಸಿಡೆಂಟೆ’ಯ ನಿರ್ಮಾಪಕರು ಜೀವಂತ ಇರುವ ಹಾದುವೆಯ ಹೆಸರನ್ನೇ ಬಳಸಿದರು. ಅದು ಬರಿಯ ಧೈರ್ಯವಲ್ಲ. ಆತ ನ್ಯಾಯಾಲಯದಲ್ಲಿ ತಪ್ಪೊಪ್ಪಿಕೊಂಡಿದ್ದ. ಯಾರಿಂದ ಎಷ್ಟು ಪಡೆದನೆಂಬುದು ದಾಖಲೆಯಲ್ಲಿತ್ತು. ದಾಖಲೆ ಇದ್ದ ಕಡೆ ನಾಟಕಕಾರನಿಗೆ ನೆಲ ಸಿಗುತ್ತದೆ.

ಭಾರತದಲ್ಲಿ ಇದೇ ಜಾತಿಯ ಧಾರಾವಾಹಿ ‘ಇನ್‌ಸೈಡ್ ಎಡ್ಜ್’. 2017ರ ಜುಲೈ 10ರಂದು ಬಂದ ಇದು ಅಮೆಜಾನ್ ಪ್ರೈಮ್‌ನ ಮೊದಲ ಭಾರತೀಯ ಸ್ವಂತ ನಿರ್ಮಾಣ. ಕರಣ್ ಅಂಶುಮನ್ ಸೃಷ್ಟಿಸಿದ ಈ ಹಿಂದಿ ಧಾರಾವಾಹಿ 2018ರಲ್ಲಿ ಅಂತರರಾಷ್ಟ್ರೀಯ ಎಮ್ಮಿ ಪ್ರಶಸ್ತಿಗೆ ನಾಮನಿರ್ದೇಶನಗೊಂಡಿತು. 2019 ಮತ್ತು 2021ರಲ್ಲಿ ಮತ್ತೆರಡು ಭಾಗಗಳು ಬಂದವು. ಅದರಲ್ಲಿ ತಂಡದ ಹೆಸರು ಮುಂಬೈ ಮೇವರಿಕ್ಸ್. ಲೀಗಿನ ಹೆಸರೂ ಕಾಲ್ಪನಿಕ, ಆಟಗಾರರೂ ಕಾಲ್ಪನಿಕ. ಪ್ರೇಕ್ಷಕನಿಗೆ ಎಲ್ಲವೂ ಎಲ್ಲೋ ಕೇಳಿದ ಸುದ್ದಿಯಂತೆ ಕಾಣುತ್ತದೆ, ಆದರೆ ಯಾವ ಸುದ್ದಿ ಎಂದು ಬೆರಳಿಟ್ಟು ತೋರಿಸಲಾಗದು. ಮಾನನಷ್ಟವನ್ನು ಕ್ರಿಮಿನಲ್ ಅಪರಾಧವಾಗಿಯೇ ಉಳಿಸಿಕೊಂಡ ದೇಶ ಇದು. 2016ರಲ್ಲಿ ಸುಪ್ರೀಂ ಕೋರ್ಟ್ ಆ ಕಾನೂನನ್ನು ಎತ್ತಿಹಿಡಿದಿದೆ. ಶಿಕ್ಷೆಯಾಗದವನ ಹೆಸರಿಟ್ಟು ನಾಟಕ ಬರೆಯುವ ಸಾಹಸ ಇಲ್ಲಿ ಯಾರೂ ಮಾಡಲಾರರು, ಮಾಡಬೇಕೆಂದು ನಿರೀಕ್ಷಿಸುವುದೂ ನ್ಯಾಯವಲ್ಲ. ಹಾಗಾಗಿ ಕಥೆಯಲ್ಲಿ ಮಾದಕವಸ್ತು, ಕೊಲೆ, ಪ್ರಣಯ ಎಲ್ಲವೂ ತುಂಬಿಕೊಳ್ಳುತ್ತವೆ. ನಿಜವಾದ ಲೆಕ್ಕಪತ್ರ ಇಲ್ಲದ ಜಾಗವನ್ನು ಏನಾದರೊಂದು ತುಂಬಲೇಬೇಕಲ್ಲ.

ಮೈಸೂರಿನ ಪಂದ್ಯ, ಬೆಂಗಳೂರಿನ ಆದೇಶ

ಕೆಪಿಎಲ್ 2009ರಲ್ಲಿ ಆರಂಭವಾದ ಲೀಗ್. ಸಣ್ಣ ಊರುಗಳ ಹುಡುಗರಿಗೆ ಟಿ.ವಿ. ಕ್ಯಾಮೆರಾ ಮುಂದೆ ಆಡುವ ಅವಕಾಶ ಕೊಟ್ಟದ್ದು, ಹುಬ್ಬಳ್ಳಿ, ಬೆಳಗಾವಿ, ಬಳ್ಳಾರಿ ಎಂಬ ಹೆಸರುಗಳನ್ನು ಅಂಗಿಯ ಮೇಲೆ ಬರೆಸಿದ್ದು ಅದರ ನಿಜವಾದ ಸಾಧನೆ. ರಾಜನಗರದ ಕ್ರೀಡಾಂಗಣದಲ್ಲೂ ಅದರ ಪಂದ್ಯಗಳು ನಡೆದಿವೆ. 2019ರ ಸೆಪ್ಟೆಂಬರ್‌ನಲ್ಲಿ ಬೆಂಗಳೂರಿನ ಕೇಂದ್ರ ಅಪರಾಧ ವಿಭಾಗದ ಪೊಲೀಸರು ಬೆಳಗಾವಿ ಪ್ಯಾಂಥರ್ಸ್ ತಂಡದ ಮಾಲೀಕ ಅಲಿ ಅಶ್ಫಾಕ್ ಥಾರಾ ಅವರನ್ನು ಬೆಟ್ಟಿಂಗ್ ಆರೋಪದ ಮೇಲೆ ಬಂಧಿಸಿದರು. ನವೆಂಬರ್‌ನಲ್ಲಿ ಬಳ್ಳಾರಿ ತಂಡದ ಸಿ.ಎಂ. ಗೌತಮ್ ಮತ್ತು ಅಬ್ರಾರ್ ಕಾಜಿ ಅವರ ಬಂಧನವಾಯಿತು. ಹುಬ್ಬಳ್ಳಿ ವಿರುದ್ಧದ ಅಂತಿಮ ಪಂದ್ಯದಲ್ಲಿ ನಿಧಾನವಾಗಿ ಬ್ಯಾಟ್ ಮಾಡಲು ಇಬ್ಬರಿಗೆ 20 ಲಕ್ಷ ರೂಪಾಯಿ ಸಂದಿತ್ತು ಎಂಬುದು ಪೊಲೀಸರ ಆರೋಪವಾಗಿತ್ತು. ಗೌತಮ್ ಕರ್ನಾಟಕ ರಣಜಿ ತಂಡದ ವಿಕೆಟ್ ಕೀಪರ್ ಆಗಿದ್ದವರು ಎಂಬ ಕಾರಣಕ್ಕೆ ಸುದ್ದಿ ಇನ್ನಷ್ಟು ದೊಡ್ಡದಾಯಿತು.

2022ರ ಜನವರಿ 10ರಂದು ರಾಜ್ಯ ಹೈಕೋರ್ಟ್‌ನ ನ್ಯಾಯಮೂರ್ತಿ ಶ್ರೀನಿವಾಸ್ ಹರೀಶ್ ಕುಮಾರ್ ಅವರ ಏಕಸದಸ್ಯ ಪೀಠ ಈ ಮೂವರ ಮತ್ತು ಇನ್ನೊಬ್ಬ ಆರೋಪಿಯ ವಿರುದ್ಧದ ಪ್ರಕರಣಗಳನ್ನು ರದ್ದುಪಡಿಸಿತು. ಅವರು ಹಣ ಪಡೆದರೋ ಇಲ್ಲವೋ ಎಂಬ ಪ್ರಶ್ನೆಗೆ ಆದೇಶ ಉತ್ತರ ಕೊಡಲಿಲ್ಲ, ಅದರ ಅಗತ್ಯವೂ ಬೀಳಲಿಲ್ಲ. ಪೀಠ ನೋಡಿದ್ದು ಭಾರತೀಯ ದಂಡ ಸಂಹಿತೆಯ 420ನೇ ಕಲಮನ್ನು. ಆ ಕಲಂ ಅನ್ವಯಿಸಬೇಕಾದರೆ ಯಾರನ್ನಾದರೂ ವಂಚಿಸಿ, ಅಪ್ರಾಮಾಣಿಕವಾಗಿ ಪ್ರೇರೇಪಿಸಿ, ಅವರ ಆಸ್ತಿಯನ್ನು ಪಡೆದಿರಬೇಕು. ಪ್ರೇಕ್ಷಕರು ನ್ಯಾಯವಾದ ಆಟ ನೋಡುತ್ತೇವೆಂದು ಭಾವಿಸಿರಬಹುದು, ಆದರೆ ಟಿಕೆಟ್ಟನ್ನು ತಮ್ಮ ಇಚ್ಛೆಯಿಂದಲೇ ಕೊಳ್ಳುತ್ತಾರೆ; ಆದ್ದರಿಂದ ಪ್ರೇರಣೆಯ ಮಾತು ಬರುವುದಿಲ್ಲ ಎಂಬುದು ಪೀಠದ ತರ್ಕದ ಸಾರ. ಪಂದ್ಯವನ್ನು ಮೊದಲೇ ನಿಗದಿ ಮಾಡುವುದು ಆಟಗಾರನ ಅಪ್ರಾಮಾಣಿಕತೆ ಮತ್ತು ಅಶಿಸ್ತನ್ನು ತೋರಿಸಬಹುದು. ಅದಕ್ಕೆ ಶಿಸ್ತು ಕ್ರಮ ಕೈಗೊಳ್ಳಬೇಕಾದದ್ದು ಕ್ರಿಕೆಟ್ ಮಂಡಳಿ ಎಂದೂ ಹೇಳಿತು.

ಕಾನೂನಿನ ಅಕ್ಷರಕ್ಕೆ ಈ ತರ್ಕ ಒಪ್ಪುತ್ತದೆ. ಹುಬ್ಬಳ್ಳಿಯಿಂದ ಮೈಸೂರಿಗೆ ರಾತ್ರಿ ಬಸ್ಸು ಹತ್ತಿ ಹೋಗಿ ತನ್ನ ತಂಡ ಗೆದ್ದದ್ದನ್ನು ನೋಡಿ ಬಂದವನಿದ್ದರೆ, ಅವನಿಗೆ ಮಾತ್ರ ಇದು ವಿಚಿತ್ರವಾಗಿ ಕೇಳಿಸುತ್ತದೆ. ಅವನು ವಂಚಿತನೇ ಅಲ್ಲವೆಂದಾಯಿತು. ಆರೋಪ ಹೊತ್ತ ಆಟಗಾರರ ಪಾಡೂ ಇದಕ್ಕಿಂತ ಮೇಲೇನಲ್ಲ. ಅವರು ದೋಷಿಗಳಲ್ಲ; ಆದರೆ ಸಾಕ್ಷ್ಯವನ್ನು ಪರೀಕ್ಷಿಸಿ ನಿರ್ದೋಷಿಗಳೆಂದು ಸಾರಿದ ತೀರ್ಪೂ ಅವರ ಕೈಯಲ್ಲಿಲ್ಲ.

ರಾಜ್ಯ ಸರ್ಕಾರ ಸುಪ್ರೀಂ ಕೋರ್ಟ್ ಮೆಟ್ಟಿಲೇರಿತು. ಅಲ್ಲಿ 2025ರಲ್ಲಿ ಭಾರತೀಯ ಕ್ರಿಕೆಟ್ ನಿಯಂತ್ರಣ ಮಂಡಳಿ ಮಧ್ಯಪ್ರವೇಶಿಸಿ, ಪಂದ್ಯ ನಿಗದಿ ವಂಚನೆಯ ಕಲಮಿನ ವ್ಯಾಪ್ತಿಗೆ ಬರುತ್ತದೆ ಎಂಬ ನಿಲುವು ತಳೆಯಿತು. ಪಂದ್ಯ ನಿಗದಿ ಮತ್ತು ಕ್ರೀಡಾ ವಂಚನೆಯನ್ನು ಪ್ರತ್ಯೇಕ ಅಪರಾಧವೆಂದು ಘೋಷಿಸಬೇಕೆಂದು ಕಾನೂನು ಆಯೋಗ 2018ರ ಜುಲೈನಲ್ಲಿ, ಅಂದರೆ ಮೈಸೂರಿನ ಆ ಪಂದ್ಯಕ್ಕೆ ಒಂದು ವರ್ಷ ಮೊದಲೇ, ತನ್ನ 276ನೇ ವರದಿಯಲ್ಲಿ ಶಿಫಾರಸು ಮಾಡಿತ್ತು. ಅದಕ್ಕೂ ಮೊದಲು, 2013ರಲ್ಲಿ, ಕೇಂದ್ರ ಸರ್ಕಾರ ಕ್ರೀಡಾ ವಂಚನೆ ತಡೆ ಮಸೂದೆಯ ಕರಡು ಸಿದ್ಧಪಡಿಸಿತ್ತು. 2024ರ ಜುಲೈನಲ್ಲಿ ದಂಡ ಸಂಹಿತೆಯೇ ಹೋಗಿ ಭಾರತೀಯ ನ್ಯಾಯ ಸಂಹಿತೆ ಬಂದಿತು. 420 ಎಂಬ ಪ್ರಸಿದ್ಧ ಸಂಖ್ಯೆ 318 ಆಯಿತು. ಪಂದ್ಯ ನಿಗದಿಗೆ ಅದರಲ್ಲೂ ಪ್ರತ್ಯೇಕ ಕಲಂ ಸಿಗಲಿಲ್ಲ.

ಐವತ್ತು ಪೌಂಡಿನ ಪಂದ್ಯ

ಇಂಗ್ಲೆಂಡಿನಲ್ಲಿ ಇದೇ ಪ್ರಶ್ನೆ ಅರವತ್ತು ವರ್ಷಗಳ ಹಿಂದೆ ಎದ್ದಿತ್ತು. 1962ರ ಡಿಸೆಂಬರ್ 1ರಂದು ಶೆಫೀಲ್ಡ್ ವೆನ್ಸ್‌ಡೇ ತಂಡ ಇಪ್ಸ್‌ವಿಚ್ ವಿರುದ್ಧ 0-2ರಿಂದ ಸೋತಿತು. ಆ ತಂಡದ ಟೋನಿ ಕೇ, ಪೀಟರ್ ಸ್ವಾನ್ ಮತ್ತು ಡೇವಿಡ್ ಲೇನ್ ತಮ್ಮದೇ ತಂಡ ಸೋಲುತ್ತದೆಂದು ತಲಾ 50 ಪೌಂಡ್ ಬಾಜಿ ಕಟ್ಟಿದ್ದರು. ಜಿಮ್ಮಿ ಗೋಲ್ಡ್ ಎಂಬ ಮಾಜಿ ಆಟಗಾರ ಇಂಥ ಹಲವು ಪಂದ್ಯಗಳ ಸೂತ್ರಧಾರ. ‘ಸಂಡೇ ಪೀಪಲ್’ ಪತ್ರಿಕೆಯ ವರದಿಗಾರ ಮೈಕ್ ಗ್ಯಾಬರ್ಟ್ 1964ರಲ್ಲಿ ಇದನ್ನು ಬಯಲಿಗೆಳೆದರು. ಗೋಲ್ಡ್‌ನ ಮಾತುಗಳ ಧ್ವನಿಮುದ್ರಣ ನ್ಯಾಯಾಲಯದಲ್ಲಿ ಸಾಕ್ಷ್ಯವಾಯಿತು. 1965ರ ಜನವರಿಯಲ್ಲಿ ಗೋಲ್ಡ್‌ಗೆ ನಾಲ್ಕು ವರ್ಷ, ಮೂವರು ಆಟಗಾರರಿಗೆ ನಾಲ್ಕು ತಿಂಗಳು ಸೆರೆವಾಸವಾಯಿತು. ಆಡುವುದಕ್ಕೆ ಆಜೀವ ನಿಷೇಧವೂ ಬಿತ್ತು. ಆರೋಪ, ವಂಚಿಸಲು ಒಳಸಂಚು. ಅಲ್ಲಿ ಬಾಜಿ ಕಟ್ಟಿಸಿಕೊಳ್ಳುವುದು ಕಾನೂನುಬದ್ಧ ವ್ಯಾಪಾರವಾಗಿದ್ದ ಕಾರಣ ವಂಚನೆಗೊಳಗಾದವರು ಯಾರೆಂದು ಹೇಳುವುದು ಸುಲಭವಿತ್ತು. ಬೆಟ್ಟಿಂಗೇ ನಿಷಿದ್ಧವಾದ ದೇಶದಲ್ಲಿ ಹಣ ಕಳೆದುಕೊಂಡವನು ನ್ಯಾಯಾಲಯಕ್ಕೆ ಬಂದು ನಿಲ್ಲುವುದಾದರೂ ಹೇಗೆ?

ಈ ಪ್ರಕರಣ 1997ರಲ್ಲಿ ಬಿಬಿಸಿಯ ಟಿ.ವಿ. ನಾಟಕವಾಯಿತು. ಹೆಸರು ‘ದಿ ಫಿಕ್ಸ್’. ಬರೆದು ನಿರ್ದೇಶಿಸಿದವರು ಪಾಲ್ ಗ್ರೀನ್‌ಗ್ರಾಸ್, ಮುಂದೆ ‘ಬೋರ್ನ್’ ಚಿತ್ರಗಳಿಂದ ಜಗತ್ತಿಗೆ ಪರಿಚಿತರಾದವರು. ವರದಿಗಾರನ ಪಾತ್ರದಲ್ಲಿ ಸ್ಟೀವ್ ಕೂಗನ್, ಟೋನಿ ಕೇ ಪಾತ್ರದಲ್ಲಿ ಜೇಸನ್ ಐಸಾಕ್ಸ್. ಇಲ್ಲಿಯೂ ಹೆಸರುಗಳೆಲ್ಲ ನಿಜ. ತೀರ್ಪು ಬಂದು 30 ವರ್ಷ ಕಳೆದಿದ್ದರಿಂದ ಯಾರ ಮುಲಾಜೂ ಇರಲಿಲ್ಲ.

ಆ ಪ್ರಕರಣದ ಒಂದು ವಿವರ ಮರೆಯಲಾಗದ್ದು. ಸೋಲಿನ ಮೇಲೆ ಬಾಜಿ ಕಟ್ಟಿದ ಅದೇ ಪಂದ್ಯದಲ್ಲಿ ಟೋನಿ ಕೇ ಅತ್ಯುತ್ತಮ ಆಟಗಾರನೆಂದು ಬರೆದದ್ದು, ಮುಂದೆ ಅವನನ್ನು ಬಯಲಿಗೆಳೆದ ಪತ್ರಿಕೆಯ ಪಂದ್ಯ ವರದಿಯೇ. ಮೈದಾನದ ಅಂಚಿನಲ್ಲಿ ಕುಳಿತು ಬರಿಗಣ್ಣಿನಿಂದ ನೋಡಿದವರಿಗೂ ಏನೂ ಕಾಣಲಿಲ್ಲ.

ಟವೆಲ್ಲು ಮತ್ತು ಎರಡು ಗೋಲು

ಆಟದ ಭ್ರಷ್ಟಾಚಾರ ಇರುವುದೇ ಇಂಥ ಸೂಕ್ಷ್ಮದಲ್ಲಿ. 2013ರ ಐಪಿಎಲ್ ಪ್ರಕರಣದಲ್ಲಿ ಎಸ್. ಶ್ರೀಶಾಂತ್ ಸೊಂಟಕ್ಕೆ ಸಿಕ್ಕಿಸಿಕೊಂಡಿದ್ದ ಟವೆಲ್ಲೇ ಬುಕ್ಕಿಗಳಿಗೆ ಕೊಟ್ಟ ಸಂಕೇತ ಎಂದು ದೆಹಲಿ ಪೊಲೀಸರು ವಾದಿಸಿದ್ದರು. ದೇಶದ ಜನ ಆ ಓವರನ್ನು ಸುದ್ದಿ ವಾಹಿನಿಗಳಲ್ಲಿ ದಿನಗಟ್ಟಲೆ ನೋಡಿದರು. ಬೆವರು ಒರೆಸಲು ಇಟ್ಟುಕೊಂಡ ಬಟ್ಟೆಯೋ ಸಂಕೇತವೋ ಎಂದು ಚಿತ್ರ ನೋಡಿ ಹೇಳುವುದು ಯಾರಿಂದಲೂ ಆಗಲಿಲ್ಲ. 2015ರ ಜುಲೈನಲ್ಲಿ ದೆಹಲಿ ನ್ಯಾಯಾಲಯ ಅವರನ್ನು ಆರೋಪಮುಕ್ತಗೊಳಿಸಿತು. ಮಂಡಳಿಯ ಆಜೀವ ನಿಷೇಧವನ್ನು 2019ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟ್ ತೆಗೆದುಹಾಕಿ ಶಿಕ್ಷೆಯನ್ನು ಮರುಪರಿಶೀಲಿಸಲು ಸೂಚಿಸಿತು. ಅದು ಏಳು ವರ್ಷಕ್ಕೆ ಇಳಿಯಿತು.

ಇದಕ್ಕೆ ತದ್ವಿರುದ್ಧವಾದ ಉದಾಹರಣೆ ಫುಟ್‌ಬಾಲಿನದೇ. 2024ರ ಫೆಬ್ರುವರಿಯಲ್ಲಿ ದೆಹಲಿಯ ಸ್ಥಳೀಯ ಲೀಗ್ ಪಂದ್ಯವೊಂದರ ತುಣುಕು ಮೊಬೈಲಿನಿಂದ ಮೊಬೈಲಿಗೆ ಹಾರಿತು. ಒಂದೇ ತಂಡದ ಆಟಗಾರರು ತಮ್ಮದೇ ಗೋಲಿಗೆ ಎರಡು ಬಾರಿ ಚೆಂಡು ಹೊಡೆದುಕೊಂಡದ್ದನ್ನು ಲಕ್ಷಾಂತರ ಮಂದಿ ನೋಡಿ ನಕ್ಕರು, ಶಂಕಿಸಿದರು. ತನಿಖೆಯ ಮಾತೂ ಕೇಳಿಬಂದಿತು. ಅದಕ್ಕೂ ಮೊದಲು, 2022ರ ನವೆಂಬರ್‌ನಲ್ಲಿ, ಸಿಂಗಪುರದ ಕುಖ್ಯಾತ ಪಂದ್ಯ ನಿಗದಿಗಾರ ವಿಲ್ಸನ್ ರಾಜ್ ಪೆರುಮಾಳ್‌ನ ಹಣ ಭಾರತದ ಕ್ಲಬ್‌ಗಳಿಗೆ ಹರಿದಿದೆಯೇ ಎಂದು ಸಿಬಿಐ ಪ್ರಾಥಮಿಕ ತನಿಖೆ ಆರಂಭಿಸಿತ್ತು. ಸಿಬಿಐ ತನಿಖೆಯ ಸುದ್ದಿ ಎಷ್ಟು ಜನರಿಗೆ ನೆನಪಿದೆಯೋ, ದೆಹಲಿಯ ಆ ಎರಡು ಗೋಲುಗಳು ನೋಡಿದವರಿಗೆಲ್ಲ ನೆನಪಿವೆ.

ವಿಸಿಡಿಯಿಂದ ಮೊಬೈಲಿಗೆ

ಇಲ್ಲಿಯೇ ಮನೆಯ ಪರದೆಯ ಗುಣಮಟ್ಟದ ಮಾತು ಬರುವುದು. ಇದನ್ನು ಬರೀ ಶೋಕಿಯ ವಿಷಯವೆಂದು ತಳ್ಳಿಹಾಕುವವರಿದ್ದಾರೆ. ಕಥೆ ತಿಳಿದರೆ ಸಾಕು, ಚಿತ್ರ ಹೇಗಿದ್ದರೇನು ಎಂಬುದು ಅವರ ವಾದ. ಪಂದ್ಯ ನಿಗದಿಯ ಕಥೆಗೆ ಈ ವಾದ ನಿಲ್ಲುವುದಿಲ್ಲ.

2000ದ ದಶಕದಲ್ಲಿ ಹುಬ್ಬಳ್ಳಿಯ ಮನೆಗಳಲ್ಲಿ ಸಿನಿಮಾ ಎಂದರೆ ವಿಸಿಡಿ. ಅದರ ಚಿತ್ರದ ಅಳತೆ 352 ಅಡ್ಡ, 288 ಉದ್ದ ಚುಕ್ಕಿಗಳು. ಒಂದು ಚಿತ್ರ ಎರಡೋ ಮೂರೋ ಬಿಲ್ಲೆಗಳಲ್ಲಿ ಬರುತ್ತಿತ್ತು. ರೋಚಕ ಘಟ್ಟದಲ್ಲಿ ಎದ್ದು ಬಿಲ್ಲೆ ಬದಲಿಸಬೇಕಿತ್ತು. ಹುಲ್ಲಿನ ಮೈದಾನದ ಮೇಲೆ ವೇಗವಾಗಿ ಉರುಳುವ ಚೆಂಡು ವಿಸಿಡಿಯ ಶತ್ರು. ಚಿತ್ರವನ್ನು ಕುಗ್ಗಿಸುವ ತಂತ್ರ ಹಿಂದಿನ ಚೌಕಟ್ಟಿಗೂ ಮುಂದಿನ ಚೌಕಟ್ಟಿಗೂ ಇರುವ ವ್ಯತ್ಯಾಸವನ್ನಷ್ಟೇ ಕೂಡಿಟ್ಟುಕೊಳ್ಳುತ್ತದೆ. ಕ್ಯಾಮೆರಾ ತಿರುಗಿದಾಗ ಹುಲ್ಲಿನ ಒಂದೊಂದು ಎಳೆಯೂ ಬದಲಾಗುತ್ತದೆ. ಅಷ್ಟನ್ನು ಹೊರಲಾರದೆ ಮೈದಾನ ಹಸಿರು ಚೌಕಗಳಾಗಿ ಒಡೆಯುತ್ತಿತ್ತು, ಚೆಂಡು ಮಾಯವಾಗುತ್ತಿತ್ತು.

ಡಿವಿಡಿ ಬಂದಾಗ ಚಿತ್ರ 720ಕ್ಕೆ 576 ಆಯಿತು, ಅಂದರೆ ವಿಸಿಡಿಗಿಂತ ನಾಲ್ಕು ಪಟ್ಟು ಚುಕ್ಕಿಗಳು. ಮೋಸರ್ ಬೇರ್ ಕಂಪನಿ ವಿಸಿಡಿಯನ್ನು 28 ರೂಪಾಯಿಗೆ, ಡಿವಿಡಿಯನ್ನು 34 ರೂಪಾಯಿಗೆ ಮಾರಲು ಹೊರಟದ್ದು ಆ ದಶಕದ ದೊಡ್ಡ ಸುದ್ದಿ. ಕಳ್ಳ ಪ್ರತಿಯ ದರಕ್ಕೆ ಅಸಲಿ ಪ್ರತಿ ಸಿಗತೊಡಗಿತು. ಆ ಕಂಪನಿ 2018ರಲ್ಲಿ ಸಮಾಪನೆಗೆ ಹೋಯಿತು. ಬಿಲ್ಲೆಯ ಕಾಲವೂ ಅದರೊಂದಿಗೆ ಮುಗಿಯಿತು. ಭಾರತದಲ್ಲಿ ಬ್ಲೂ-ರೇ ಎಂಬುದು ದೊಡ್ಡ ನಗರಗಳ ಕೆಲವರ ಹವ್ಯಾಸವಾಗಿಯೇ ಉಳಿಯಿತು.

ಇಂದಿನ ವ್ಯವಸ್ಥೆಯಲ್ಲಿ ಒಂದೇ ಧಾರಾವಾಹಿಗೆ ಹಲವು ಗುಣಮಟ್ಟಗಳು. 2021ರ ಜನವರಿಯಲ್ಲಿ ಪ್ರೈಮ್ ವಿಡಿಯೊ ಏರ್‌ಟೆಲ್ ಜತೆ ಸೇರಿ 28 ದಿನಕ್ಕೆ 89 ರೂಪಾಯಿಯ ಮೊಬೈಲ್ ಯೋಜನೆ ತಂದಾಗ ಅದರಲ್ಲಿ ಸಿಕ್ಕದ್ದು ಸಾಧಾರಣ ಎಸ್‌ಡಿ ಚಿತ್ರ. ಅದೇ ವರ್ಷದ ಡಿಸೆಂಬರ್‌ನಲ್ಲಿ ನೆಟ್‌ಫ್ಲಿಕ್ಸ್ ದರ ಇಳಿಸಿದಾಗ 149 ರೂಪಾಯಿಯ ಮೊಬೈಲ್ ಯೋಜನೆಗೆ 480 ಸಾಲಿನ ಚಿತ್ರ, 649 ರೂಪಾಯಿ ಕೊಟ್ಟವರಿಗೆ 4ಕೆ ಎಂದು ನಿಗದಿಯಾಯಿತು. ಫಿಫಾ ಹಗರಣದ ಮೇಲೆ 2022ರ ನವೆಂಬರ್‌ನಲ್ಲಿ ನೆಟ್‌ಫ್ಲಿಕ್ಸ್ ಬಿಡುಗಡೆ ಮಾಡಿದ ನಾಲ್ಕು ಕಂತುಗಳ ಸಾಕ್ಷ್ಯಚಿತ್ರವನ್ನು 149 ಕೊಟ್ಟವನೂ 649 ಕೊಟ್ಟವನೂ ನೋಡಬಹುದು. ಇಬ್ಬರಿಗೆ ಕಾಣುವುದು ಮಾತ್ರ ಒಂದೇ ಅಲ್ಲ.

ಸರಳ ಲೆಕ್ಕವೊಂದಿದೆ. ನೆಟ್‌ಫ್ಲಿಕ್ಸ್ ಸ್ವತಃ ಹೇಳುವಂತೆ ಎಚ್‌ಡಿ ಚಿತ್ರಕ್ಕೆ ಗಂಟೆಗೆ 3 ಜಿಬಿವರೆಗೆ, ಎಸ್‌ಡಿಗೆ 1 ಜಿಬಿವರೆಗೆ ಡೇಟಾ ಬೇಕು. ದಿನಕ್ಕೆ 2 ಜಿಬಿಯ ಮೊಬೈಲ್ ಪ್ಯಾಕ್ ಇರುವ ವಿದ್ಯಾರ್ಥಿ ಎಚ್‌ಡಿಯಲ್ಲಿ ನೋಡಬಹುದಾದದ್ದು ಸುಮಾರು ನಲವತ್ತು ನಿಮಿಷ, ಬೇರೆ ಯಾವುದಕ್ಕೂ ಫೋನ್ ಬಳಸದಿದ್ದರೆ. ಮನೆಗೆ ಫೈಬರ್ ಸಂಪರ್ಕ ಇರುವವರ ಮಾತು ಬೇರೆ. ಉಳಿದವರು ಗುಣಮಟ್ಟ ಇಳಿಸಿ ನೋಡುತ್ತಾರೆ, ಇಲ್ಲವೇ ನೆಟ್‌ವರ್ಕ್ ತಾನೇ ಇಳಿಸುತ್ತದೆ.

ಇಳಿಸಿದಾಗ ಮೊದಲು ಹಾಳಾಗುವುದು ಕತ್ತಲೆ. ಮಂದ ಬೆಳಕಿನ ದೃಶ್ಯಗಳಲ್ಲಿ ಕಪ್ಪಿನ ಹಲವು ಛಾಯೆಗಳಿರುತ್ತವೆ; ಕಡಿಮೆ ಡೇಟಾದಲ್ಲಿ ಅವೆಲ್ಲ ಪಟ್ಟೆಪಟ್ಟೆಯಾಗಿ, ಮುಖಗಳು ಕಲೆಗಳಾಗಿ ಕಾಣುತ್ತವೆ. ಲಂಚದ ನಾಟಕದಲ್ಲಿ ನಿಜವಾದ ವ್ಯವಹಾರ ನಡೆಯುವುದು ಎಲ್ಲಿ? ಹೋಟೆಲ್ ಕೋಣೆ, ಕಾರಿನ ಹಿಂದಿನ ಸೀಟು, ಮಬ್ಬುಗತ್ತಲೆಯ ಬಾರು. ನಟನ ಮುಖದಲ್ಲಿ ಆಸೆಯೂ ಭಯವೂ ಒಟ್ಟಿಗೆ ಹಾದುಹೋಗುವ ಆ ಕ್ಷಣವೇ ಕಥೆಯ ಜೀವ. ಅಗ್ಗದ ಪ್ಯಾಕಿನ ಪ್ರೇಕ್ಷಕನಿಗೆ ಅಲ್ಲಿ ಸಿಗುವುದು ಸಂಭಾಷಣೆ ಮಾತ್ರ. ಹಗಲು ಬೆಳಕಿನ ಮೈದಾನದ ಸಡಗರ ಸ್ಪಷ್ಟವಾಗಿ ಕಂಡು, ಕೋಣೆಯೊಳಗಿನ ಕೊಡು-ಕೊಳ್ಳುವಿಕೆ ಮಸುಕಾಗುತ್ತದೆ. ಯಾರೂ ಉದ್ದೇಶಪೂರ್ವಕವಾಗಿ ಹೀಗೆ ಮಾಡಿಲ್ಲ, ನಿಜ. ಪರಿಣಾಮ ಮಾತ್ರ ಇದೇ.

ಪ್ರತಿ ಯಾರ ಬಳಿ?

ಬಿಲ್ಲೆಗೆ ಇದ್ದ ಇನ್ನೊಂದು ಗುಣವನ್ನು ಗುಣಮಟ್ಟದ ಚರ್ಚೆಯಲ್ಲಿ ಮರೆಯುವುದುಂಟು. 34 ರೂಪಾಯಿಗೆ ಕೊಂಡ ಡಿವಿಡಿಯನ್ನು ಯಾರೂ ಮನೆಗೆ ಬಂದು ಕಿತ್ತುಕೊಳ್ಳುವಂತಿರಲಿಲ್ಲ, ತಿದ್ದುವಂತಿರಲಿಲ್ಲ. ‘ತಾಂಡವ್’ ಎಂಬ ಹಿಂದಿ ಧಾರಾವಾಹಿ 2021ರ ಜನವರಿಯಲ್ಲಿ ಬಂದ ಕೆಲವೇ ದಿನಗಳಲ್ಲಿ, ದೂರುಗಳ ಒತ್ತಡದಿಂದ ಅದರ ದೃಶ್ಯಗಳನ್ನು ಬದಲಿಸಲಾಯಿತು. ಮೊದಲು ಏನಿತ್ತೆಂದು ಆಮೇಲೆ ಚಂದಾ ಕಟ್ಟಿದವನಿಗೆ ತಿಳಿಯುವುದಿಲ್ಲ. ತಮಿಳಿನ ‘ಅನ್ನಪೂರಣಿ’ ಚಿತ್ರ 2024ರ ಜನವರಿಯಲ್ಲಿ ನೆಟ್‌ಫ್ಲಿಕ್ಸ್‌ನಿಂದ ಇಡಿಯಾಗಿ ಮಾಯವಾಯಿತು. ವಿವಾದವೇ ಬೇಕೆಂದಿಲ್ಲ. 2023ರ ಮೇ ತಿಂಗಳಲ್ಲಿ ಡಿಸ್ನಿ ಕಂಪನಿ ಖರ್ಚು ಉಳಿಸಲು ತನ್ನದೇ ಹತ್ತಾರು ನಿರ್ಮಾಣಗಳನ್ನು ತೆಗೆದುಹಾಕಿತು. ಅವುಗಳಲ್ಲಿ ಬಿಡುಗಡೆಯಾಗಿ ಒಂದು ವರ್ಷವೂ ತುಂಬದವು ಇದ್ದವು. ಕ್ರೀಡಾ ಭ್ರಷ್ಟಾಚಾರದ ಧಾರಾವಾಹಿಗಳನ್ನು ಇಟ್ಟುಕೊಂಡಿರುವ ಕಂಪನಿಗಳಲ್ಲಿ ಕೆಲವು ಸ್ವತಃ ಕ್ರೀಡಾ ಪ್ರಸಾರ ಹಕ್ಕು ಕೊಳ್ಳುವವೂ ಆಗಿವೆ. ಫಿಫಾ ಪ್ರಕರಣದಲ್ಲಿ ಲಂಚ ಓಡಾಡಿದ್ದು ಯಾವ ಸರಕಿಗೆ ಎಂಬುದನ್ನು ನೆನೆದರೆ, ಅವುಗಳ ಕಪಾಟಿನಲ್ಲಿ ಈ ಕಥೆಗಳು ಎಷ್ಟು ದಿನ ಇರುತ್ತವೆ ಎಂಬ ಪ್ರಶ್ನೆ ಕೇಳುವುದು ಅಸಹಜವೇನಲ್ಲ.

ಇಂಥ ನಾಟಕ ಕನ್ನಡದಲ್ಲಿ ಏಕಿಲ್ಲ ಎಂದು ಕೇಳುವವರಿಗೆ ಕಿರುತೆರೆಯ ಸಂಜೆಯ ಸಮಯಪಟ್ಟಿಯನ್ನೇ ತೋರಿಸಬೇಕು. ಕುಟುಂಬದ ಕಥೆಗಳು ನೂರಾರು ಕಂತು ಓಡುವ ಜಾಗದಲ್ಲಿ ಎಂಟು ಕಂತಿನ ಒಣ ಲೆಕ್ಕಪತ್ರದ ಕಥೆಗೆ ಜಾಹೀರಾತು ತರುವವರು ಯಾರು? ಹೈಕೋರ್ಟ್ ಆದೇಶದ ನಂತರವಂತೂ ಕೆಪಿಎಲ್ ಪ್ರಕರಣವನ್ನು ಹೆಸರಿಟ್ಟು ನಾಟಕ ಮಾಡುವ ದಾರಿ ಮುಚ್ಚಿದೆ, ಮುಚ್ಚಿರಬೇಕಾದದ್ದೂ ಸರಿಯೇ. ಆರೋಪಪಟ್ಟಿ ತೀರ್ಪಲ್ಲ. ಚಿಲಿಯ ಬರಹಗಾರರಿಗೆ ತಪ್ಪೊಪ್ಪಿಗೆಯಿತ್ತು, ಬಿಬಿಸಿಗೆ ಧ್ವನಿಮುದ್ರಣವೂ ಶಿಕ್ಷೆಯೂ ಇದ್ದವು. ಹುಬ್ಬಳ್ಳಿಯವರಿಗಿರುವುದು ಪಂದ್ಯದ ದೃಶ್ಯ ಮಾತ್ರ. ಅದನ್ನು ಅಂದು ನೇರ ಪ್ರಸಾರದಲ್ಲಿ ನೋಡಿದವರೇ ಹೆಚ್ಚು. ಪೂರ್ಣ ಪಂದ್ಯದ ಒಳ್ಳೆಯ ಪ್ರತಿ ಪ್ರಸಾರಕರ ಮತ್ತು ಕ್ರಿಕೆಟ್ ಸಂಸ್ಥೆಯ ಸ್ವತ್ತು, ಸಾರ್ವಜನಿಕರದ್ದಲ್ಲ. ರಾಜ್ಯ ಕ್ರಿಕೆಟ್ ಸಂಸ್ಥೆ ಮನಸ್ಸು ಮಾಡಿದರೆ ಆ ಅಂತಿಮ ಪಂದ್ಯವನ್ನು, ಮೊದಲ ಎಸೆತದಿಂದ ಕೊನೆಯ ಎಸೆತದವರೆಗೆ, ಕತ್ತರಿಸದೆ, ಒಳ್ಳೆಯ ಗುಣಮಟ್ಟದಲ್ಲಿ ಎಲ್ಲರಿಗೂ ಉಚಿತವಾಗಿ ನೋಡಲು ಬಿಡಬಹುದು. ಅದರಿಂದ ಯಾರ ಅಪರಾಧವೂ ಸಾಬೀತಾಗದು. ಟೋನಿ ಕೇ ಆಡಿದ ಪಂದ್ಯವನ್ನು ಕಂಡವರಿಗೂ ಏನೂ ಕಂಡಿರಲಿಲ್ಲ. ಕಪ್ ಗೆದ್ದ ಊರಿನವರು ತಮ್ಮ ಗೆಲುವನ್ನು ಮತ್ತೊಮ್ಮೆ ನೋಡಿ ತಾವೇ ಒಂದು ಅಭಿಪ್ರಾಯಕ್ಕೆ ಬರಬಹುದು, ಅಷ್ಟೇ.

2019ರ ನಂತರ ಕೆಪಿಎಲ್ ನಡೆಯಲಿಲ್ಲ. 2022ರಲ್ಲಿ ಅದರ ಜಾಗಕ್ಕೆ ಮಹಾರಾಜ ಟ್ರೋಫಿ ಬಂದಿತು. 2023ರಲ್ಲಿ ಅದನ್ನು ಗೆದ್ದದ್ದೂ ಹುಬ್ಬಳ್ಳಿ ಟೈಗರ್ಸ್ ತಂಡವೇ, ಮನೀಶ್ ಪಾಂಡೆ ನಾಯಕತ್ವದಲ್ಲಿ, ಮೈಸೂರು ತಂಡದ ವಿರುದ್ಧ.